ಅಂಟದ ಹಿಟ್ಟು, ಒಡೆಯದ ಮುದ್ದೆ

ಬನ್ನಿ, ಆ ಮಣೆ ಈ ಕಡೆ ಎಳ್ಕೊಂಡು ಕಾಲು ಚಾಚಿ ಕೂತ್ಕೊಳ್ಳಿ. ಎಲೆ ಅಡಿಕೆ ಹಾಕೋರು ಈಗಲೇ ಹಾಕ್ಕೊಂಬಿಡಿ. ನಡುವೆ ಉಗಿಯೋಕೆ ಅಂತ ಎದ್ದು ಹೋದರೆ ಒಂದು ಕಾನೂನು ತಪ್ಪಿಹೋಗುತ್ತೆ, ಆಮೇಲೆ ನನ್ನ ಕೇಳಬೇಡಿ.

ಜರ್ಮನಿಯವನ ಯುದ್ಧ ಶುರುವಾದ ನಾಲ್ಕನೇ ವರ್ಷ, ಆಷಾಢದ ಒಂದು ಸೋಮವಾರ, ಹೊಳೆನರಸೀಪುರದಲ್ಲಿ, ಮುದ್ದೆ ಕಟ್ಟಲು ಬಾರದ ರಾಗಿ ಹಿಟ್ಟು ಮುದ್ದೆ ಕಟ್ಟಲು ಬರುವ ಹಿಟ್ಟಿಗಿಂತ ಉತ್ತಮವೆಂದು ಮೊಹರಿನೊಂದಿಗೆ ತೀರ್ಮಾನವಾಯಿತು. ಇದರಲ್ಲಿ ಯಾರ ತಪ್ಪೂ ಇರಲಿಲ್ಲ. ಎಲ್ಲರೂ ಅವರವರ ಕೆಲಸ ಅವರವರು ಮಾಡಿದರು, ಅಷ್ಟೆ.

ಆಗ ಹೆಚ್ಚಿನ ರಾಗಿ ಯಾರೂ ಮನೇಲಿ ಇಟ್ಟುಕೊಳ್ಳೋ ಹಾಗಿರಲಿಲ್ಲ. ಹಳೇಕೋಟೆ ಕಡೆಯಿಂದ, ಸರ್ಕಾರ ರೈತರಿಂದ ಎತ್ತಿದ ಲೆವಿ ರಾಗಿ ಗಾಡಿಗಟ್ಟಲೆ ಬಂದು ಗುತ್ತಿಗೆದಾರ ಪಾಪಯ್ಯನ ಗೋದಾಮಿಗೆ, ಅಂದರೆ ಡಿಪೋಗೆ, ಬೀಳುತ್ತಿತ್ತು. ಅವನ ಗಿರಣಿಯಲ್ಲೇ ಹಿಟ್ಟಾಗಿ, ಚೀಟಿಗೆ ಇಷ್ಟು ಅಂತ ಊರಿಗೆ ಹಂಚಿಕೆಯಾಗುತ್ತಿತ್ತು. ಗೋದಾಮಿಗೆ ಹೊದಿಸು ಅಂತ ಬಂದ ಸರ್ಕಾರದ ಹೆಂಚನ್ನು ಪಾಪಯ್ಯ ತನ್ನ ಮನೆಗೆ ಹೊದಿಸಿಕೊಂಡಿದ್ದ. ಮನೆ, ಗೋದಾಮು ಎರಡೂ ಒಂದೇ ಬೀದಿಯಲ್ಲಿದ್ದುದರಿಂದ ಇದನ್ನು ವಿಳಾಸದ ಸಣ್ಣ ವ್ಯತ್ಯಾಸವೆಂದು ಪರಿಗಣಿಸಲಾಯಿತು. ಮಳೆಗೆ ಮಾತ್ರ ಈ ಪರಿಗಣನೆ ಗೊತ್ತಿರಲಿಲ್ಲ. ಅದು ಗೋದಾಮಿಗೇ ಸುರಿಯಿತು. ರಾಗಿ ಮೂಟೆಯಲ್ಲೇ ಮೊಳೆಯಿತು, ಮೊಳೆತದ್ದು ಕೊಳೆಯಿತು, ಕೊಳೆತದ್ದನ್ನು ಪಾಪಯ್ಯ ಬಿಸಿಲಿಗೆ ಹರವಿ ಒಣಗಿಸಿ, ತೂಕಕ್ಕೆ ಹೊಟ್ಟು ಸೇರಿಸಿ ಬೀಸಿದ.

ಈ ಹಿಟ್ಟು ರೈಲು ಸ್ಟೇಷನ್ನಿನ ಹಿಂದಿದ್ದ ದೊಡ್ಡತಾಯಮ್ಮನ ಮುದ್ದೆ ಮನೆಗೂ ಬಂತು. ಗಂಡ ಹೋದ ಮೇಲೆ ಆಕೆಗೆ ಇದ್ದದ್ದು ಒಂದು ಒಲೆ, ಒಂದು ಮುದ್ದೆ ಕೋಲು, ಆ ಒಲೆ ಹೊತ್ತಿಸಲು ಕಚೇರಿ ಕೊಟ್ಟ ಪರವಾನಗಿ ಚೀಟಿ. ಮೂಟೆ ಹೊರುವ ಇಪ್ಪತ್ತು ಆಳುಗಳು ಮಧ್ಯಾಹ್ನಕ್ಕೆ ಅಲ್ಲೇ ಉಣ್ಣುತ್ತಿದ್ದರು. ಅವತ್ತು ಆಕೆ ಎಸರಿಗೆ ಹಿಟ್ಟು ಹಾಕಿ, ಕೋಲು ತಿರುವಿ, ಬೆರಳನ್ನು ನೀರಿಗೆ ಅದ್ದಿ ಚುಚ್ಚಿ ನೋಡಿದಳು. ಬೆಂದ ಮುದ್ದೆ ಬೆರಳಿಗೆ ಅಂಟಬಾರದು, ತನಗೆ ತಾನು ಬಿಡಲೂಬಾರದು. ಇದು ಬೆರಳಿಗೂ ಅಂಟಲಿಲ್ಲ, ಒಂದು ಕಣಕ್ಕೆ ಇನ್ನೊಂದು ಕಣವೂ ಅಂಟಲಿಲ್ಲ. ತಟ್ಟೆಗೆ ಹಾಕಿದರೆ ಮರಳು ಗುಡ್ಡೆ.

ಮೂಟೆಯಾಳುಗಳಲ್ಲಿ ಹಿರೀಕ ಬೈರಯ್ಯ ತಟ್ಟೆಯನ್ನು ಹಿಂದೆ ಮುಂದೆ ಅಲುಗಿಸಿ ನೋಡಿದ.

“ಅತ್ಗೆ, ಇದ್ನ ನುಂಗಾದೋ, ಊದಾದೋ?”

“ಉಸ್ರು ಬಿಗಿ ಇಡ್ಕಂಡು ನುಂಗು. ಕೆಮ್ಮಿದ್ರೆ ಪಕ್ಕದೋನಿಗೆ ಓಯ್ತದೆ,” ಅಂದಳು ದೊಡ್ಡತಾಯಮ್ಮ.

ಮೂಟೆ ಹೊರುವವನಿಗೆ ಹೊಟ್ಟೆಯಲ್ಲಿ ಗುಂಡು ಕೂತಹಾಗೆ ಮುದ್ದೆ ಕೂರಬೇಕು. ಮೂರು ದಿನ ಏನೇನೋ ಮಾಡಿ ನೋಡಿದಳು. ನಾಲ್ಕನೇ ದಿನ ಹಿತ್ತಲ ಬೆಂಡೆಕಾಯಿ ಕುಯ್ದು, ಬೇಯಿಸಿ, ಅದರ ಲೋಳೆಯನ್ನು ಬಟ್ಟೆಯಲ್ಲಿ ಸೋಸಿ ಎಸರಿಗೆ ಬೆರೆಸಿದಳು. ಹಿಟ್ಟು ತೆಪ್ಪಗೆ ಒಟ್ಟುಗೂಡಿತು. ದುಂಡಗೆ, ಕರ್ರಗೆ, ಹೊಳೆಕಲ್ಲಿನ ಹಾಗೆ ಮುದ್ದೆ ಬಂತು. ಬೈರಯ್ಯ ಎರಡು ಉಂಡು, ಮೂರನೆಯದಕ್ಕೆ ತಟ್ಟೆ ಚಾಚಿದ.

ಎಲ್ಲರ ಮನೇಲೂ ದೊಡ್ಡತಾಯಮ್ಮ ಇರಲಿಲ್ಲವಲ್ಲ. ಊರವರು ಹಿಟ್ಟನ್ನು ಕುಡಿಕೆಗೆ ತುಂಬಿಕೊಂಡು ಯುದ್ಧಕಾಲದ ಹಿಟ್ಟಿನ ಗುಣನಿರ್ಣಯ ಕಚೇರಿಗೆ ಹೋದರು. ಅಲ್ಲಿ ಇನ್‌ಸ್ಪೆಕ್ಟರ್ ಚಂದ್ರಶೇಖರಯ್ಯನವರು. ಅನ್ನ ಉಣ್ಣುವ ಮನೆತನ, ಮುದ್ದೆಯನ್ನು ದೂರದಿಂದ ಮಾತ್ರ ಬಲ್ಲವರು. ಹಿಟ್ಟು ನೋಡಿದರು, ಚೀಲ ನೋಡಿದರು. ಚೀಲದ ಮೇಲೆ ‘ಪರಿಶೀಲಿಸಿದೆ, ಉತ್ತಮ’ ಅಂತ ತಮ್ಮದೇ ರುಜು. ಹಿಟ್ಟು ಕೆಟ್ಟಿದ್ದರೆ ರುಜು ಕೆಟ್ಟಹಾಗೆ. ರುಜು ಕೆಡುವಂಥದ್ದಲ್ಲ. ಆದ್ದರಿಂದ ಹಿಟ್ಟು ಕೆಟ್ಟಿರಲಿಲ್ಲ.

“ಹಾಗಾದರೆ ಇದಕ್ಕೆ ಏನಾಗಿದೆ, ನಂಜಯ್ಯ?” ಅಂತ ಗುಮಾಸ್ತರನ್ನು ಕೇಳಿದರು.

ನಂಜಯ್ಯನವರ ಹತ್ತಿರ ದಪ್ಪನೆಯ ಇಂಗ್ಲಿಷ್ ನಿಘಂಟು ಇತ್ತು. ಕನ್ನಡಕ ಏರಿಸಿ, ಎಂಜಲು ಮುಟ್ಟಿಸಿ ಹಾಳೆ ಮಗುಚಿದರು. “ಸ್ವಾಮಿ, ಇದು ಕೆಟ್ಟಿರೋದಲ್ಲ. ಇದು ನಾನ್-ಅಡ್ಹೆಸಿವ್.”

“ಅಂದರೆ?”

“ಅಂಟದೇ ಇರತಕ್ಕಂಥದ್ದು. ಗುಣವಾಚಕ.”

“ಬೈಗುಳವೋ, ಹೊಗಳಿಕೆಯೋ?”

ನಂಜಯ್ಯ ಪ್ರಯೋಗಗಳನ್ನು ಓದಿದರು. ಗಾಯಕ್ಕೆ ಕಟ್ಟುವ ಬಟ್ಟೆ ಇಂಥದ್ದಾದರೆ ಮೇಲು, ಬಿಚ್ಚುವಾಗ ಚರ್ಮ ಕೀಳುವುದಿಲ್ಲ. ಕಾಗದ ಇಂಥದ್ದಾದರೆ ಮೇಲು, ಒಂದರ ಬೆನ್ನಿಗೆ ಒಂದು ಹತ್ತುವುದಿಲ್ಲ. “ಎಲ್ಲಾ ಕಡೆ ಹೊಗಳಿಕೆಯಾಗಿಯೇ ಬಳಸಿದ್ದಾರೆ, ಸ್ವಾಮಿ. ಹಿಟ್ಟಿಗೆ ಮಾತ್ರ ಇದುವರೆಗೂ ಯಾರೂ ಬಳಸಿಲ್ಲ.”

“ನಾವು ಬಳಸೋಣ,” ಅಂದರು ಚಂದ್ರಶೇಖರಯ್ಯ.

ಮಾರನೇ ದಿನ ಕಚೇರಿ ಜವಾನ ಕೆಂಚಯ್ಯ ಡಂಗುರ ಹೊಡೆದುಕೊಂಡು ಬೀದಿಬೀದಿ ಸಾರಿದ. ಅವನೂ ಮಧ್ಯಾಹ್ನ ದೊಡ್ಡತಾಯಮ್ಮನಲ್ಲೇ ಉಣ್ಣುವವನು, ಆದರೆ ಡಂಗುರ ಡಂಗುರವೇ.

“ಈ ಮೂಲಕ ಸಮಸ್ತರಿಗೂ ತಿಳಿಯಪಡಿಸುವುದೇನೆಂದರೆ, ಈಗ ಹಂಚಿಕೆಯಾಗುತ್ತಿರುವ ಹಿಟ್ಟು ನಾನ್-ಅಡ್ಹೆಸಿವ್ ಆಗಿದ್ದು, ಮೊದಲನೇ ದರ್ಜೆಯದೆಂದು ನಿರ್ಣಯಿಸಲಾಗಿದೆ. ಇದರಿಂದ ಮಾಡಿದ ಮುದ್ದೆಯನ್ನು ಎದೆಯೆತ್ತರದಿಂದ ಸ್ಲೇಟಿನ ಮೇಲೆ ಬಿಡಲಾಗಿ, ಏಳು ಚೂರಿಗೆ ಕಡಿಮೆಯಿಲ್ಲದಂತೆ ಒಡೆಯತಕ್ಕದ್ದು. ಒಡೆಯದ ಪಕ್ಷದಲ್ಲಿ, ಸದರಿ ಮುದ್ದೆ ಡಿಪೋ ಹಿಟ್ಟಿನದಲ್ಲವೆಂದೂ, ಮುಚ್ಚಿಟ್ಟ ರಾಗಿಯದೆಂದೂ ಭಾವಿಸಿ ಕ್ರಮ ಜರುಗಿಸಲಾಗುವುದು.”

ಜನ ಕೇಳಿದರು. ಇಂಗ್ಲಿಷ್ ಮಾತು ಊರವರ ಬಾಯಲ್ಲಿ ನಾನಡೆಸಿ ಆಯಿತು. ನಿನ್ನೆಯವರೆಗೆ ‘ಹಾಳು ಹಿಟ್ಟು’ ಅಂತ ಶಾಪ ಹಾಕುತ್ತಿದ್ದ ಬಸವಲಿಂಗಮ್ಮ, ಪಾಪಯ್ಯನ ಎದುರು ಮನೆಯಾಕೆ, ಚನ್ನರಾಯಪಟ್ಟಣದಿಂದ ಬಂದ ಬೀಗರಿಗೆ ಮರಳು ಗುಡ್ಡೆ ಬಡಿಸಿ, “ನಿಮ್ಮೂರಾಗೆ ಇನ್ನೂ ಅಂಟೋ ಹಿಟ್ಟೇನಾ? ನಮಗೆ ನಾನಡೆಸಿ ಬಂದ್ಬುಟ್ಟಿದೆ,” ಅಂದಳು. ಬೀಗರು ನಾಚಿಕೊಂಡು ಉಂಡರು. ಚನ್ನರಾಯಪಟ್ಟಣದಿಂದಲೂ ಅರಕಲಗೂಡಿನಿಂದಲೂ, ನಮಗೇಕೆ ಈ ದರ್ಜೆ ಇಲ್ಲ ಅಂತ ಅರ್ಜಿ ಬಂದವು. ಎರಡೂ ಕಡೆಯ ಹಿಟ್ಟಿನ ಗುತ್ತಿಗೆ ಪಾಪಯ್ಯನಿಗೆ ಆಯಿತು. ಅಷ್ಟು ಹೊಟ್ಟು ಎಲ್ಲಿಂದ ತರಲಿ ಅಂತ ಅವನು ಒಂದು ವಾರ ನಿದ್ದೆಗೆಟ್ಟ, ಪಾಪ.

ಆಮೇಲೆ ಪರೀಕ್ಷೆ ಶುರುವಾಯಿತು. ಚಂದ್ರಶೇಖರಯ್ಯನವರು, ನಂಜಯ್ಯ, ಸ್ಲೇಟು ಹೊತ್ತ ಕೆಂಚಯ್ಯ, ಮೂವರೂ ದೊಡ್ಡತಾಯಮ್ಮನ ಬಾಗಿಲಿಗೆ ಬಂದರು. ಆಳುಗಳು ತಟ್ಟೆ ಮುಂದೆ ಕೂತಿದ್ದರು. ಕೆಂಚಯ್ಯ ಒಂದು ಮುದ್ದೆ ಎತ್ತಿ, ಎದೆಮಟ್ಟಕ್ಕೆ ಹಿಡಿದು, ಕಣ್ಣು ಮುಚ್ಚಿ ಬಿಟ್ಟ. ಮುದ್ದೆ ಧೊಪ್ಪನೆ ಬಿದ್ದು ಸುಮ್ಮನೆ ಕೂತಿತು. ಸ್ಲೇಟು ಎರಡು ಹೋಳಾಯಿತು. ನಂಜಯ್ಯ ಸ್ಲೇಟನ್ನು ಉತ್ತಮ ದರ್ಜೆಯದೆಂದು ಬರೆದುಕೊಂಡರು.

“ರಾಗಿ ಎಲ್ಲಿ ಮುಚ್ಚಿಟ್ಟಿದ್ದೀಯಮ್ಮ?” ಅಂದರು ಚಂದ್ರಶೇಖರಯ್ಯ.

“ನಿಮ್ ಡಿಪೋದ್ದೇ ಕಣ್ರಪ್ಪ. ಬೆಂಡೇಕಾಯಿ ಲೋಳೆ ಹಾಕಿವ್ನಿ.”

“ಅದು ಅಂಟು ಪದಾರ್ಥ.”

“ಬೆಂಡೇಕಾಯಿ ತಿನ್ಬಾರ್ದು ಅಂತ ಕಾನೂನಾಗದಾ, ಸಾ?”

“ಸದ್ಯಕ್ಕಿಲ್ಲ,” ಅಂದರು ಅವರು, ಸ್ವಲ್ಪ ವಿಷಾದದಿಂದ.

ಮನೆ ಶೋಧಿಸಿದರು. ಒಲೆಯ ಬೂದಿಯವರೆಗೂ ಕೆದಕಿದರು. ರಾಗಿ ಸಿಗಲಿಲ್ಲ. ಸಿಗದೇ ಇರುವುದರಿಂದ ಬಹಳ ಜಾಣತನದಿಂದ ಮುಚ್ಚಿಡಲಾಗಿದೆ ಎಂದು ಷರಾ ಬರೆದು, ಪರವಾನಗಿ ಚೀಟಿ ಕಿತ್ತುಕೊಂಡರು. ಮುದ್ದೆ ಏಕೆ ಒಡೆಯಲಿಲ್ಲವೆಂಬುದಕ್ಕೆ ಮೂರು ದಿನದೊಳಗೆ ಸಮಜಾಯಿಷಿ ಕೊಡದಿದ್ದರೆ ಒಲೆ ಖಾಯಮ್ಮಾಗಿ ಬಂದ್ ಎಂದು ನೋಟೀಸು ಅಂಟಿಸಲು ನೋಡಿದರು. ಗೋಂದು ಅದೇ ಹಿಟ್ಟಿನದು. ನೋಟೀಸು ಬಿದ್ದುಹೋಯಿತು. ಕೆಂಚಯ್ಯನೇ ಅದನ್ನು ಗೋಡೆಗೆ ಒತ್ತಿ ಹಿಡಿದುಕೊಂಡು ಸಾಯಂಕಾಲದವರೆಗೆ ನಿಂತ.

“ಕುಂತ್ಕಳ್ಳೋ ಕೆಂಚ,” ಅಂದಳು ದೊಡ್ಡತಾಯಮ್ಮ.

“ಡ್ಯೂಟಿ ಕಣವ್ವ. ಒಸಿ ನೀರ್ ಕೊಡು,” ಅಂದ. ಆಕೆಯೇ ಚೊಂಬು ಎತ್ತಿ ಅವನ ಬಾಯಿಗೆ ನೀರು ಹೊಯ್ದಳು. ಅವನ ಎರಡು ಕೈಯೂ ನೋಟೀಸಿನ ಮೇಲಿದ್ದವು.

ಆಳುಗಳು ಬೇರೆ ಕಡೆ ಉಂಡರು. ಬೇರೆ ಕಡೆ ಮೊದಲನೇ ದರ್ಜೆಯ ಮರಳು ಗುಡ್ಡೆ. ಮೂರನೇ ದಿನ ಮಧ್ಯಾಹ್ನ ಮೈಸೂರು ರೈಲಿನ ಹೊತ್ತಿಗೆ ಬೈರಯ್ಯ ಮೂಟೆ ಸಮೇತ ಪ್ಲಾಟ್‌ಫಾರಮ್ಮಿನ ಮೇಲೆ ಕುಸಿದ. ಹೊತ್ತು ತಂದು ದೊಡ್ಡತಾಯಮ್ಮನ ಜಗಲಿಯಲ್ಲಿ ಮಲಗಿಸಿದರು. ಆಕೆ ಅವನ ಅಂಗಾಲು ಉಜ್ಜುತ್ತಾ, “ಯಾನಾಯ್ತೋ?” ಅಂದಳು.

“ಏನಿಲ್ಲ ಅತ್ಗೆ. ಒಟ್ಟೆಯೊಳ್ಗೆ ಗಾಳಿ ಆಡ್ತಾದೆ.”

ತಣ್ಣಗಿದ್ದ ಒಲೆಯನ್ನು ದೊಡ್ಡತಾಯಮ್ಮ ನೋಡಿದಳು. ಈ ಒಲೆ ಹೋದರೆ ತನಗೆ ಊರಿನಲ್ಲಿ ನಿಲ್ಲಲು ನೆಲೆಯಿಲ್ಲ, ಅದು ಸರಿ. ಆದರೆ ಹಾಳು ಹಿಟ್ಟು ಬಡಿಸಿ ಒಲೆ ಉಳಿಸಿಕೊಂಡರೆ ಈ ಇಪ್ಪತ್ತು ಜನ ಒಬ್ಬೊಬ್ಬರಾಗಿ ಹೀಗೇ ಬೀಳುತ್ತಾರೆ. ಎದ್ದಳು. ಒಲೆ ಹೊತ್ತಿಸಿದಳು, ಪರವಾನಗಿ ಇಲ್ಲದೆ. ಬೆಂಡೆಕಾಯಿ ಕುಯ್ದಳು. ಎರಡು ಮುದ್ದೆ ಕಟ್ಟಿ, ಒಂದನ್ನು ಬೈರಯ್ಯನ ತಟ್ಟೆಗೆ ಹಾಕಿ, ಇನ್ನೊಂದನ್ನು ಬಾಳೆ ಎಲೆಯಲ್ಲಿ ಸುತ್ತಿಕೊಂಡು ಕಚೇರಿಗೆ ನಡೆದಳು.

“ಸಮಜಾಯಿಷಿ ತಂದಿದ್ದೀಯಾ?” ಅಂದರು ಚಂದ್ರಶೇಖರಯ್ಯ.

“ತಂದಿವ್ನಿ, ಸಾ,” ಅಂತ ಮುದ್ದೆಯನ್ನು ಮೇಜಿನ ಮೇಲೆ ಇಟ್ಟಳು. “ಆ ಕಾಗ್ದ ಒಸಿ ಓದಿಸ್ರಿ. ಮುದ್ದೆ ಏಳು ಚೂರು ಆಗ್ಬೇಕು ಅಂತ ತಾನೆ?”

“ಏಳಕ್ಕೆ ಕಡಿಮೆಯಿಲ್ಲದಂತೆ.”

“ಅದೇ ಒಡ್ಕಬೇಕಾ, ಯಾರಾದ್ರೂ ಒಡದ್ರೂ ಆಯ್ತದಾ?”

ನಂಜಯ್ಯ ಡಂಗುರದಲ್ಲಿ ಸಾರಿದ ಸುತ್ತೋಲೆಯನ್ನು ಎರಡು ಸಲ ಓದಿದರು. ಒಡೆಯುವವರು ಯಾರು ಎಂಬ ಬಗ್ಗೆ ಅದರಲ್ಲಿ ಏನೂ ಇರಲಿಲ್ಲ. ಮುದ್ದೆ ಬಿಡಲು ಸ್ಲೇಟೂ ಉಳಿದಿರಲಿಲ್ಲ. ದೊಡ್ಡತಾಯಮ್ಮ ಫೈಲು ಕಟ್ಟುವ ಕೆಂಪು ದಾರ ಒಂದನ್ನು ಮೇಜಿನಿಂದ ಎತ್ತಿಕೊಂಡು, ಮುದ್ದೆಗೆ ಸುತ್ತಿ, ಎಳೆದಳು. ಎರಡಾಯಿತು. ಇನ್ನಷ್ಟು ಎಳೆದಳು. ನಂಜಯ್ಯ ಎಣಿಸಿದರು.

“ಎಂಟು, ಸ್ವಾಮಿ.”

“ಏಳಕ್ಕೆ ಒಂದು ಹೆಚ್ಚೇ ಇದೆ,” ಅಂದರು ಚಂದ್ರಶೇಖರಯ್ಯ. ಅವರ ಮುಖ ಬೆಳಗಿತು. ರುಜು ಉಳಿಯಿತು, ನಿಯಮ ಉಳಿಯಿತು. ಒಂದೇ ಅನುಮಾನ: “ಉಣ್ಣುವವರು ಆ ಚೂರುಗಳನ್ನು ಮತ್ತೆ ಒತ್ತಿ ಒಂದು ಮಾಡಿಕೊಂಡರೆ?”

“ತಟ್ಟೆಗೆ ಬಿದ್ದ ಮೇಲೆ ನಮ್ಮ ಸರಹದ್ದಲ್ಲ, ಸ್ವಾಮಿ,” ಅಂದರು ನಂಜಯ್ಯ.

ಪರವಾನಗಿ ವಾಪಸು ಬಂತು. ಆದರೆ ಮುದ್ದೆಯನ್ನು ಖಾಸಗಿಯವರು ಒಡೆದರೆ ಚೂರು ಕಡಿಮೆಯಾದೀತೆಂದು, ‘ಮುದ್ದೆ ಭಂಜಕ’ ಎಂಬ ಹುದ್ದೆ ಮಂಜೂರಾಗಿ ಕೆಂಚಯ್ಯನಿಗೆ ದೊರೆಯಿತು. ಮಧ್ಯಾಹ್ನ ಅವನು ಕೆಂಪು ದಾರ ಹಿಡಿದು ಬರುವನು. ಆಳುಗಳು ಕೈತೊಳೆದು ಕಾಯುವರು. ಅವನು ಒಡೆಯುವನು, ಅವರು ಒತ್ತುವರು, ಬೆಂಡೆಕಾಯಿಯ ಲೋಳೆ ಚೂರನ್ನು ಚೂರಿಗೆ ಕೂಡಿಸುವುದು. ಆಮೇಲೆ ಕೆಂಚಯ್ಯನೂ ಪಂಕ್ತಿಯಲ್ಲಿ ಕೂತು, ತನ್ನದನ್ನು ತಾನೇ ಒಡೆದು, ತಾನೇ ಒತ್ತಿಕೊಂಡು ಉಣ್ಣುವನು.

ಯುದ್ಧ ಮುಗಿಯಿತು. ಒಳ್ಳೇ ರಾಗಿ ಬಂತು. ಒಡೆಯುವುದನ್ನು ನಿಲ್ಲಿಸಿ ಅಂತ ಯಾರೂ ಆಜ್ಞೆ ಕೊಡಲಿಲ್ಲ, ಹಾಗಾಗಿ ಯಾರೂ ನಿಲ್ಲಿಸಲಿಲ್ಲ.

ಪಾಪಯ್ಯ ಆ ಹೊಟ್ಟಿನ ಪುಣ್ಯದಲ್ಲಿ ಒಂದು ಛತ್ರ ಕಟ್ಟಿಸಿದ. ಗಾರೆಗೂ ಏನೋ ಬೆರೆಸಿದ್ದನಂತೆ. ಪ್ರವೇಶದ ದಿನವೇ ಅರ್ಧ ಉದುರಿತು. ಬಂದವರು ‘ನಾನಡೆಸಿ ಗಾರೆ’ ಅಂತ ಮೆಚ್ಚಿಕೊಂಡು, ತಲೆ ಕೊಡವಿಕೊಂಡು ಉಂಡು ಹೋದರು. ಚಂದ್ರಶೇಖರಯ್ಯನವರು ಬಡ್ತಿ ಪಡೆದು ಹಾಸನಕ್ಕೆ ಹೋದರು. ಹೋಗುವ ತನಕವೂ ಮುದ್ದೆ ಬಾಯಿಗೆ ಇಡಲಿಲ್ಲ, ನಿಷ್ಪಕ್ಷಪಾತಿಗಳು. ನಂಜಯ್ಯನವರ ನಿಘಂಟನ್ನು ಕಚೇರಿಯೇ ತೆಗೆದುಕೊಂಡು ಬೀರುವಿನಲ್ಲಿ ಬೀಗ ಹಾಕಿತು. ಬೇರೆ ಮಾತು ಬೇಕಾಗಲಿಲ್ಲ. ಬಸವಲಿಂಗಮ್ಮನಿಗೆ ಒಳ್ಳೇ ಹಿಟ್ಟು ಒಗ್ಗಲಿಲ್ಲ, ಕೊನೆಯವರೆಗೂ ಹೊಟ್ಟು ಬೆರೆಸಿಕೊಂಡಳು. ಬೈರಯ್ಯ ಎಪ್ಪತ್ತು ದಾಟುವ ತನಕ ಮೂಟೆ ಹೊತ್ತು, ಆಮೇಲೆ ಮಗಳ ಊರು ಗೊರೂರಿಗೆ ಹೋದ. ಅಲ್ಲಿ ಇಡೀ ಮುದ್ದೆ ಬಡಿಸಿದರೆ ಗಾಬರಿಯಾಗಿ ಸುತ್ತಮುತ್ತ ನೋಡುತ್ತಿದ್ದನಂತೆ. ಕೆಂಚಯ್ಯ ಪಿಂಚಣಿ ತೆಗೆದುಕೊಂಡ, ಹುದ್ದೆಗೆ ಹಾಸನದಿಂದ ಇನ್ನೊಬ್ಬ ಬಂದ, ಬಹಳ ಕಟ್ಟುನಿಟ್ಟಿನವನು.

ದೊಡ್ಡತಾಯಮ್ಮ ಒಲೆ ಆರಿಸದೆ ಇನ್ನೂ ಬಹಳ ವರ್ಷ ಬದುಕಿ, ಒಂದು ಮಾಘದಲ್ಲಿ ತೀರಿಕೊಂಡಳು. ಹನ್ನೊಂದನೇ ದಿನ ಆಳುಗಳೆಲ್ಲ ಸೇರಿ ಆಕೆಗೆ ಎಡೆ ಇಟ್ಟರು, ನಡುವೆ ದೊಡ್ಡ ಮುದ್ದೆ. ಕಾಗೆ ಕರೆಯುವ ಮುಂಚೆ ಆ ಹೊಸ ಭಂಜಕ ಬಂದ. ಚಪ್ಪಲಿ ಬಿಟ್ಟು, ಎಡೆಗೆ ಕೈ ಮುಗಿದು, ದಾರ ತೆಗೆದು ಮುದ್ದೆಯನ್ನು ಏಳು ಚೂರು ಮಾಡಿ, ಪುಸ್ತಕದಲ್ಲಿ ಬರೆದುಕೊಂಡು, ರುಜುವಿಗೆ ಮುಂದೆ ಹಿಡಿದ. ರುಜು ಹಾಕಬೇಕಾದ ದೊಡ್ಡತಾಯಮ್ಮನೇ ಇರಲಿಲ್ಲ. ಆಕೆಯ ಬದಲಿಗೆ ಎಲ್ಲರೂ ಸಾಲಾಗಿ ಬಂದು ಹೆಬ್ಬೆಟ್ಟು ಒತ್ತಿದರು.