ಅಲ್ಲಪ್ಪನ ಮೆಟ್ಟಿಲಿಗೆ ವಿಮೆ

ಗಡಹಿಂಗ್ಲಜದಿಂದ ದೇವಿಯ ದರ್ಶನಕ್ಕೆ ಬಂದ ರತ್ನಮಾಲಾಬಾಯಿ ಮೊದಲ ಮೆಟ್ಟಿಲ ಮೇಲೆ ಕಾಲಿಟ್ಟಳು. ಮರದ ಮೆಟ್ಟಿಲು ದಮ್ಮು ಹತ್ತಿದ ಮುದುಕನಂತೆ ನರಳಿತು. ಆಕೆ ಕಾಲು ಹಿಂದೆಗೆದಳು.

"ಬಿದ್ದರ ಯಾರ ಜವಾಬ್ದಾರಿ? ಎದುರಿನ ಮನ್ಯಾಗ ವಿಮಾ ಐತಂತ. ನಾ ಅಲ್ಲೇ ಇಳಕೋತೀನಿ."

ಕೊಲ್ಹಾಪುರದ ಗುಡಿಯ ಹಿಂದಿನ ಗಲ್ಲಿಯಲ್ಲಿ ಅಲ್ಲಪ್ಪ ಮಹಡಿಯ ಎರಡು ಕೋಣೆಗಳನ್ನು ಯಾತ್ರಿಕರಿಗೆ ಒಂದೆರಡು ದಿನದ ಮಟ್ಟಿಗೆ ಕೊಡುತ್ತಿದ್ದ. ಎದುರು ಮನೆಯ ಚನ್ನವ್ವನದೂ ಅದೇ ಧಂದೆ. ಹೋದ ತಿಂಗಳು ಆಕೆ ವಿಮೆ ಮಾಡಿಸಿ, ಕಾಗದಕ್ಕೆ ಕಟ್ಟು ಹಾಕಿಸಿ, ದೇವರ ಫೋಟೋದ ಪಕ್ಕ ತೂಗುಹಾಕಿದ್ದಳು. ಊದಿನಕಡ್ಡಿ ಕೂಡ ಬೆಳಗುತ್ತಿದ್ದಳು.

"ಆಕೀದಕ್ಕಿಂತ ದೊಡ್ಡ ವಿಮಾ ಮಾಡಸ್ತೀನಿ, ಇವತ್ತ!" ಎಂದ ಅಲ್ಲಪ್ಪ, ಮಧ್ಯಾಹ್ನದೊಳಗೆ ವಿಮೆಯ ಇನ್ಸ್‌ಪೆಕ್ಟರ್ ಕೃಷ್ಣಾತನನ್ನು ಸೈಕಲ್ಲಿನ ಹಿಂದೆ ಕೂರಿಸಿಕೊಂಡು ಬಂದ.

ಕೃಷ್ಣಾತ ಮೆಟ್ಟಿಲನ್ನು ತಟ್ಟಿ ತಲೆಯಾಡಿಸಿದ. "ಯಾತ್ರಿಕರು ಬಿದ್ದು ಕಾಲ ಮುರಕೊಂಡ್ರ ನಮ್ಮ ಕಂಪನಿ ಮುಳುಗ್ತೈತ್ರಿ. ಆಗೂದಿಲ್ಲ."

"ಸಾಹೇಬ್ರ, ಅದರ ಮ್ಯಾಲ ಬೆಕ್ಕಸುದ್ಧಾ ಹತ್ತೂದಿಲ್ರಿ!" ಚನ್ನವ್ವ ತನ್ನ ಬಾಗಿಲಿಂದಲೇ ಕೂಗಿದಳು.

ಅಲ್ಲಪ್ಪನ ಮೈಯೆಲ್ಲ ಉರಿಯಿತು. "ಆನಿ ಹತ್ತಿದರೂ ಇದು ಮುರಿಯೂದಿಲ್ಲ! ನೋಡ್ರಿ!" ಮೂರು ಸಲ ಹತ್ತಿಳಿದ. ಬೆಲ್ಲದ ಚೀಲ ಹೊತ್ತು ಹತ್ತಿದ. ಕೃಷ್ಣಾತ ಒಪ್ಪಲಿಲ್ಲ.

"ಗಲ್ಲ್ಯಾಗಿನವರು ಎಲ್ಲಾರೂ ಬರ್ರಿ, ಚಹಾ ನಂದು!" ಅಲ್ಲಪ್ಪ ಕೂಗಿದ.

ಚಹಾ ಎಂದಮೇಲೆ ಕೇಳಬೇಕೆ? ಹದಿನಾಲ್ಕು ಜನ ಹತ್ತಿದರು. ನಡುವೆ ಪೈಲವಾನ ತಾನಾಜಿ ನಿಂತು ಬೈಠಕ್ ಹೊಡೆದ. ಮೆಟ್ಟಿಲ ಕೆಳಗೆ ನಿಂತು ನೋಡುತ್ತಿದ್ದ ಕೃಷ್ಣಾತನ ತಲೆಯ ಮೇಲೆ ಧೂಳು ಸುರಿಯಿತು, ಒಂದು ಹಲ್ಲಿಯೂ ಬಿತ್ತು. ಮೆಟ್ಟಿಲು ಮಾತ್ರ ಮುರಿಯಲಿಲ್ಲ.

ಕೃಷ್ಣಾತ ಬರೆದದ್ದನ್ನು ಗಟ್ಟಿಯಾಗಿ ಓದಿದ: "ಮೆಟ್ಟಿಲು ಭದ್ರ. ಮನೆ ಭದ್ರ. ಇನ್ನೂ ಐವತ್ತು ವರ್ಷ ಚಿಂತೆಯಿಲ್ಲ. ಹಾಂ, ಮಾಲಕರು ಇಲ್ಲಿ ಸಹಿ ಮಾಡ್ರಿ."

ಅಲ್ಲಪ್ಪ ಚನ್ನವ್ವನ ಕಡೆ ನೋಡಿ ಮೀಸೆ ತಿರುವಿ, ಪೆನ್ನಿಗೆ ಕೈ ಚಾಚಿದ. ಗುಂಪಿನೊಳಗಿಂದ ಒಂದು ದಪ್ಪ ಕೈ ಬಂದು ಪೆನ್ನು ಕಸಿಯಿತು.

"ಅದು ನನ್ನ ಸಹಿ ಅಲ್ಲೇನೋ, ಅಲ್ಲಪ್ಪ?"

ಉದಗಾಂವದ ಕಾಕಾಸಾಹೇಬ! ಮನೆಯ ನಿಜವಾದ ಮಾಲೀಕ, ಬಾಡಿಗೆ ವಸೂಲಿಗೆ ಬಂದಿದ್ದ. ಅಲ್ಲಪ್ಪ ಹನ್ನೆರಡು ವರ್ಷದಿಂದ ಅವನ ಬಾಡಿಗೆದಾರ. ಅವನು ಬಂದಾಗಲೆಲ್ಲ ಅಲ್ಲಪ್ಪ "ಹತ್ತಬ್ಯಾಡ್ರಿ, ಮುರೀತಾವು! ಈ ಬೀಳೂ ಮನ್ಯಾಗ ನಾ ಅಂತ ಅದೀನಿ" ಎಂದು ಕೆಳಗೇ ಚಹಾ ಕುಡಿಸಿ ಕಳಿಸುತ್ತಿದ್ದ.

"ಐವತ್ತ ವರ್ಷ ಚಿಂತಿ ಇಲ್ಲಂತ! ಯಾತ್ರಿಕರನ್ನ ಇನ್ನ ನಾನ ಇಡ್ತೀನಿ. ನೀ ಖಾಲಿ ಮಾಡು."

"ಸುಳ್ಳ ಬರದಾನ್ರಿ ಅಂವಾ! ಹೆಂಗ ಮುರೀತೈತಿ ನೋಡ್ರಿ!" ಅಲ್ಲಪ್ಪ ಎರಡೂ ಕಾಲೆತ್ತಿ ಮೆಟ್ಟಿಲ ಮೇಲೆ ಧುಮುಕಿದ.

ಮೆಟ್ಟಿಲು ಅಲುಗಲಿಲ್ಲ. ಅಲ್ಲಪ್ಪನ ಕಾಲು ಉಳುಕಿತು.

ಅವನು ಅಲ್ಲೇ ಕುಸಿದು ಕುಳಿತು, ಕಾಲು ಹಿಡಿದುಕೊಂಡು ಗರ್ಜಿಸಿದ: "ಕಾಲ ನೆಟ್ಟಗಾಗೂತನಕ ಇಲ್ಲಿಂದ ಏಳೂದಿಲ್ಲ! ಏನ ಮಾಡ್ಕೋತೀರಿ ಮಾಡ್ಕೋರಿ!"

ಕಾಕಾಸಾಹೇಬ ಧೋತರ ಎತ್ತಿ ಹಿಡಿದು, ಅವನನ್ನು ದಾಟಿ, ತನ್ನ ಕೋಣೆಗಳನ್ನು ನೋಡಲು ಮಹಡಿ ಹತ್ತಿದ.