ದೊಡ್ಡಮ್ಮನ ಗಂಟಿನ ಹುರಿ

ನಾನು ಶಾಲೆ ಬಿಟ್ಟದ್ದು ೧೯೯೧ರಲ್ಲಿ, ಏಳನೇ ಕ್ಲಾಸಿಗೆ. ಬಡತನವೇ ಕಾರಣವೆಂದು ಮುಂಬೈಯ ಭಾಂಡುಪಿನ ನಮ್ಮ ಚಾಳಿನವರು ಮರುಗುತ್ತಾರೆ. ಬಡತನವಂತೆ! ಕಾರಣ ನನ್ನನ್ನು ಸಾಕಿದ ದೊಡ್ಡಮ್ಮ.

ಘಟ್ಟದ ನಡುವೆ ಗುಡ್ಡಕ್ಕೊಂದು ಮನೆ, ಮನೆಗೆರಡು ತುಂಡು ಗದ್ದೆ. ಬೆಳೆದದ್ದು ಉಣ್ಣುವುದಕ್ಕೇ ಸರಿ. ಕೂಲಿಯವರು ಎಲ್ಲಿಂದ ಬರಬೇಕು? ಅದಕ್ಕೇ ಮುಯ್ಯಾಳು: ಇಂದು ನೀನು ನನ್ನ ಗದ್ದೆಗೆ ಬಂದರೆ ನಾಳೆ ನಾನು ನಿನ್ನ ಗದ್ದೆಗೆ. ತೀರಿಸಬೇಕಾದ ಒಂದೊಂದು ದಿನಕ್ಕೂ ದೊಡ್ಡಮ್ಮ ತೆಂಗಿನ ನಾರಿನ ಹುರಿಗೆ ಒಂದು ಗಂಟು ಹಾಕುವಳು, ತೀರಿದ ಮೇಲೆ ಬಿಚ್ಚುವಳು. ಗಂಟು ಉಳಿಸಿ ಸಾಯಬಾರದು, ಅದೊಂದೇ ಅವಳ ಹೆದರಿಕೆ. ಆ ಮಳೆಗಾಲ ಅವಳ ಕಾಲು ಉಳುಕಿದಾಗ ಹುರಿಯಲ್ಲಿ ಹದಿಮೂರು ಗಂಟು. ನನ್ನನ್ನು ಅಟ್ಟಿದಳು. ಹದಿಮೂರು ದಿನ ಕೆಸರಿನಲ್ಲಿ ನಿಂತ ಕಾಲಿಗೆ ಬೆಂಚು ಮತ್ತೆ ಒಗ್ಗಲಿಲ್ಲ.

ದುಡಿಯುವಂತಾದ ಮೇಲೆ ಅವಳನ್ನು ಮುಂಬೈಗೆ ಕರೆತಂದೆ. ಹುರಿಯೂ ಬಂತು! ಎದುರು ಖೋಲಿಯ ಎಲೆಕ್ಟ್ರಿಷಿಯನ್ ಬಲ್ಬು ಹಾಕಿಕೊಟ್ಟದ್ದು ಎರಡು ನಿಮಿಷ. ಅದನ್ನು ತೀರಿಸಲು ದೊಡ್ಡಮ್ಮ ಅವನ ಏಣಿ ಹಿಡಿದು ನಿಂತದ್ದು ಇಡೀ ಮಧ್ಯಾಹ್ನ. ಬೇಡವೆಂದು ಅವನು ಹಿಂದಿಯಲ್ಲಿ ಕೈಮುಗಿದ. ದೊಡ್ಡಮ್ಮನಿಗೆ ಹಿಂದಿ ಬರಬೇಕಲ್ಲ?

ನನ್ನ ಟಿಫಿನ್ ಅಡುಗೆಮನೆಗೆ ಮೊದಲ ಮದುವೆ ಆರ್ಡರ್ ಬಂದ ದಿನ ಅಡುಗೆಯವನು ಕೈಕೊಟ್ಟ. ಯಾರ ಮುಂದೆಯೂ ಕೈಚಾಚದವನು ನಾನು. ದೊಡ್ಡಮ್ಮ ಕೇಳಬೇಕೇ? ಚಾಳಿನ ಒಂಬತ್ತು ಹೆಂಗಸರನ್ನು ಕೂರಿಸಿ ತರಕಾರಿ ಹೆಚ್ಚಿಸಿದಳು. ಮಾನ ಉಳಿಯಿತು, ಹುರಿಗೆ ಒಂಬತ್ತು ಗಂಟು ಬಿತ್ತು.

ಈಗ ಅವಳ ಕೈ ನಡುಗುತ್ತದೆ. ತೀರಿಸುವವರು ಯಾರು? ಮೂವರನ್ನು ಕೆಲಸಕ್ಕಿಟ್ಟುಕೊಂಡ ಮಾಲೀಕ ನಾನು, ಒಂಬತ್ತು ಭಾನುವಾರ ಹೆಂಗಸರ ನಡುವೆ ಕೂತು ಗೋಧಿ ಆರಿಸಿದೆ, ಹಪ್ಪಳ ಲಟ್ಟಿಸಿದೆ. ಪಕ್ಕದ ಖೋಲಿಯ ಮರಾಠಿ ಕಾಕು ನನ್ನ ಹಪ್ಪಳ ಎತ್ತಿ ನೋಡಿ, “ಭಾವೂ, ಯೇ ಪಾಪಡ್ ಹೈ, ರೋಟಿ ನಹೀ,” ಎಂದಳು. ಹಪ್ಪಳವಂತೆ, ರೊಟ್ಟಿಯಲ್ಲವಂತೆ!

ಕಳೆದ ಭಾನುವಾರ ಒಂಬತ್ತನೆಯ ಗಂಟು ಬಿಚ್ಚಿ, ಇನ್ನು ನಿಶ್ಚಿಂತೆ ಎಂದೆ. ದೊಡ್ಡಮ್ಮ ಹುರಿಯ ಇನ್ನೊಂದು ತುದಿ ತೋರಿಸಿದಳು. ಕಪ್ಪಗೆ ಕಲ್ಲಾದ ಗಂಟುಗಳು. ಯಾರದ್ದೆಂದು ಕೇಳಿದೆ.

“ನಿನ್ನದು ಮಗಾ. ನನ್ನ ಬದಲಿಗೆ ಕೆಸರಲ್ಲಿ ನಿಂತದ್ದು. ಶಾಲೆಯನ್ನು ನಾನು ಹೇಗೆ ತೀರಿಸುದು, ಹೇಳು?”

ಬಿಚ್ಚಲು ಕೂತೆ. ಉಗುರು ಮುರಿಯಿತೇ ಹೊರತು ಒಂದೂ ಸಡಿಲಲಿಲ್ಲ.

ಈಗ ನನಗಿರುವುದು ಒಂದು ಖೋಲಿ, ಎರಡು ದೊಡ್ಡ ಒಲೆ, ಒಬ್ಬಳು ದೊಡ್ಡಮ್ಮ, ಹದಿಮೂರು ಗಂಟು.