ಹೊಲಿದ ಲುಂಗಿ

ಅಜರುದ್ದೀನನ ಫಜೀತಿಗೆ ಕಾರಣ ಇಂಡೋನೇಷ್ಯಾದ ಹುಡುಗರು. ಅವರನ್ನು ಅವನು ಕಂಡದ್ದು ಮೊಬೈಲಿನಲ್ಲಿ ಮಾತ್ರ. ಜಕಾರ್ತಾದ ಹರೆಯದವರು ಚೌಕಳಿ ಲುಂಗಿ ಉಟ್ಟು, ಮೇಲೆ ಜೀನ್ಸ್ ಜಾಕೀಟು ತೊಟ್ಟು, ಬಿಳಿ ಬೂಟು ಹಾಕಿ ರೈಲು ಹತ್ತುತ್ತಿದ್ದರು, ಕಾಫಿ ಅಂಗಡಿಯಲ್ಲಿ ಕೂಡುತ್ತಿದ್ದರು, ರಸ್ತೆಯ ಬಿಳಿ ಪಟ್ಟಿಗಳ ಮೇಲೆ ಮದುಮಗನ ಗತ್ತಿನಲ್ಲಿ ನಿಧಾನವಾಗಿ ದಾಟುತ್ತಿದ್ದರು. ಸಾರುಂಗ್ ಎಂದು ಆ ಉಡುಪಿನ ಹೆಸರು. ನಮ್ಮ ಲುಂಗಿಯೇ, ಆದರೆ ಎರಡು ಅಂಚು ಕೂಡಿಸಿ ತಳವಿಲ್ಲದ ಚೀಲದಂತೆ ಹೊಲಿದದ್ದು.

ಇಬ್ರಾಹಿಂಪುರದಲ್ಲಿ ಅವನ ತಂದೆ ಲಾಡಲೇಸಾಬರಿಗೆ ಲುಂಗಿ, ಟಾವೆಲ್ಲುಗಳ ಅಂಗಡಿ. ಕೊಳ್ಳುವವರೆಲ್ಲ ಮುದುಕರು, ಅವರೂ ವರ್ಷ ವರ್ಷ ಕಡಿಮೆಯಾಗುತ್ತಿದ್ದರು. ಬರುವ ಒಂದನೇ ತಾರೀಖಿಗೆ ಅಂಗಡಿಯನ್ನು ಮೊಬೈಲ್ ಕವರ್ ಮಾರುವವನೊಬ್ಬನಿಗೆ ಬಿಟ್ಟುಕೊಡುವ ಮಾತುಕತೆ ನಡೆದಿತ್ತು. ಹೊಸ ಬಟ್ಟೆಯ ಗಂಜಿ ವಾಸನೆಯಲ್ಲೇ ಬೆಳೆದ ಅಜರುದ್ದೀನನಿಗೆ ಇದು ಒಪ್ಪಿಗೆಯಿರಲಿಲ್ಲ.

“ಅಬ್ಬಾ, ಅಲ್ಲಿ ಹರೇದ ಹುಡುಗ್ರೆಲ್ಲಾ ಲುಂಗಿ ಉಡಾಕತ್ತಾರ. ಉಟ್ಕೊಂಡು ಗೆಳೆಯಾರ ಕೂಡ ತಾಸಗಟ್ಟಲೆ ಸುಮ್ನ ಕುಂದರ್ತಾರ. ಅದಕ್ಕ ನೊಂಗ್‌ಕ್ರೋಂಗ್ ಅಂತಾರ” ಎಂದ.

“ನಮ್ಮ ಓಣ್ಯಾಗ ಅದಕ್ಕ ಉಡಾಳತನ ಅಂತಾರ” ಎಂದರು ಲಾಡಲೇಸಾಬರು. ಆದರೂ ಒಬ್ಬನೇ ಮಗ. “ಇಪ್ಪತ್ತು ಒಯ್ಯಿ. ನಾಳೆ ಸಂಜಿ ಒಳಗ ಎಲ್ಲಾ ಮಾರಿದಿ ಅಂದ್ರ ಅಂಗಡಿ ನಿಂದು. ಇಲ್ಲಂದ್ರ ಆ ಕವರ್ ಮಾರಾವಂದು.”

ತಾಯಿ ಚಾಂದಬಿ ಮನೆಯ ಮಷಿನ್ನಿನ ಮೇಲೆ ಇಪ್ಪತ್ತೊಂದು ಲುಂಗಿ ಹೊಲಿದುಕೊಟ್ಟಳು. ಇಪ್ಪತ್ತು ಮಾರಲಿಕ್ಕೆ, ಒಂದು ಮಗನಿಗೆ. ಮರುದಿನ ಬೆಳಿಗ್ಗೆ ಅಜರುದ್ದೀನ ಲುಂಗಿ, ಜಾಕೀಟು, ಬಿಳಿ ಬೂಟಿನಲ್ಲಿ ಗಂಟು ಹೊತ್ತು ತಿಕೋಟಾದ ಬಸ್ಸು ಹತ್ತಿದ. ಅದೇ ಬಸ್ಸಿನಲ್ಲಿ ಅವರ ಓಣಿಯ ಹುಲಿಗೆವ್ವ ಇದ್ದಳು. ಹುಟ್ಟಿದಾಗಿನಿಂದ ಅವನನ್ನು ಚಡ್ಡಿಯಲ್ಲೋ ಪ್ಯಾಂಟಿನಲ್ಲೋ ನೋಡಿದವಳು. ವಯಸ್ಸಿನ ಹುಡುಗ ಹಾಡಹಗಲೇ ಲುಂಗಿ ಉಟ್ಟು ಮೆಲ್ಲಗೆ ಕಾಲಿಡುತ್ತ ಬಂದರೆ ನಮ್ಮ ಕಡೆ ಅದಕ್ಕೆ ಒಂದೇ ಅರ್ಥ.

“ಯಾವಾಗ ಆತಪಾ ಆಪರೇಷನ್?”

“ಯಾವ ಆಪರೇಷನ್ ಬೇ?”

“ನಾಚಬ್ಯಾಡ. ನಮ್ಮ ಮನ್ಯಾವ್ರಿಗೂ ಆಗಿತ್ತು. ಮೂಲವ್ಯಾಧಿ ಅಂದ್ರ ಏನ್ ಕಳವು ಮಾಡಿದಂಗೇನು?”

ಈ ಸಮಾಧಾನ ಡ್ರೈವರನವರೆಗೂ ಕೇಳಿಸಿತು. ಇಬ್ಬರು ಎದ್ದು ಸೀಟು ಬಿಟ್ಟರು. ಕೂತರೆ ಕಾಯಿಲೆ ಒಪ್ಪಿಕೊಂಡಂತಾಗುತ್ತದೆಂದು ಅಜರುದ್ದೀನ ಕೂಡಲಿಲ್ಲ. “ಪಾಪ, ಕುಂದ್ರಾಕೂ ಬರವಲ್ದು” ಎಂದು ಇಡೀ ಬಸ್ಸು ಮರುಗಿತು.

ತಿಕೋಟಾದಲ್ಲಿ ಇಳಿದವನೇ ಕಾಲೇಜಿನ ಗೇಟಿನ ಮುಂದೆ ಜಕಾರ್ತಾದ ನಡಿಗೆ ಶುರುಮಾಡಿದ. ಏಳೆಂಟು ಹುಡುಗರು ತಿರುಗಿ ನೋಡಿದರು. “ಇಬ್ರಾಹಿಂಪುರದಾಗ ನಮ್ಮ ಅಂಗಡಿ. ಇದು ಇಂಡೋನೇಷ್ಯಾದ ಫ್ಯಾಶನ್ ನೋಡ್ರಪಾ” ಎಂದು ಗಂಟಿಗೆ ಕೈ ಹಾಕಿದ. ಅಷ್ಟರಲ್ಲಿ ಅಲ್ಲೇ ಇಳಿದಿದ್ದ ಹುಲಿಗೆವ್ವ ಎದುರಿನ ಚಹಾದಂಗಡಿಯವನಿಗೆ ಸುದ್ದಿ ಮುಟ್ಟಿಸಿದ್ದಳು. ಅವನು ಒಂದು ಕುರ್ಚಿ, ಅದರ ಮೇಲೆ ಗಾಳಿ ತುಂಬಿದ ಸ್ಕೂಟರ್ ಟ್ಯೂಬು ಇಟ್ಟುಕೊಂಡು ಓಡಿಬಂದ.

“ಇದರ ಮ್ಯಾಲ ಕುಂದ್ರು ತಮ್ಮಾ. ನಡುವ ಏನೂ ತಾಗಂಗಿಲ್ಲ.”

“ನನಗೇನೂ ಆಗಿಲ್ರೀ. ಇದು ಇಂಡೋನೇಷ್ಯಾದ್ದು.”

“ಅಲ್ಲೀತನಾ ಹೋಗಿ ಮಾಡಿಸ್ಕೊಂಡ್ಯಾ? ಯಾಕ, ಬಬಲೇಶ್ವರದಾಗ ಡಾಕ್ಟರ್ ಇಲ್ಲೇನು?”

ಹುಡುಗರು ನೆಲ ನೋಡುತ್ತ ಸರಿದರು. ಅಜರುದ್ದೀನ ಬೇಡ ಬೇಡವೆಂದಷ್ಟೂ ಚಹಾದವನಿಗೆ ಕನಿಕರ ಹೆಚ್ಚಿತು. ಒಣದ್ರಾಕ್ಷಿ ಪೆಟ್ಟಿಗೆ ಹೇರಿಕೊಂಡು ಬಬಲೇಶ್ವರಕ್ಕೆ ಹೊರಟಿದ್ದ ಟಂಟಂ ಆಟೋ ನಿಲ್ಲಿಸಿ, ಅವನನ್ನೂ ಗಂಟನ್ನೂ ಟ್ಯೂಬನ್ನೂ ಒಳಗೆ ಹಾಕಿ, ಆಸ್ಪತ್ರೆಯ ಬಾಗಿಲಲ್ಲೇ ಇಳಿಸುವಂತೆ ತಾಕೀತು ಮಾಡಿ ಕಳಿಸಿದ. ಟಂಟಂನವನು ಮಾತಿಗೆ ತಪ್ಪಲಿಲ್ಲ.

ಆಸ್ಪತ್ರೆಯ ಕಂಪೌಂಡರ ಸಿದ್ದರಾಮ ಚೀಟಿ ಬರೆಯುತ್ತ ಕೇಳಿದ: “ಎಷ್ಟ ದಿನದಿಂದ ತ್ರಾಸ?”

“ಇವತ್ತ ಮುಂಜಾನಿಯಿಂದ” ಎಂದ ಅಜರುದ್ದೀನ. ಆಮೇಲೆ ಅಂಗಡಿ, ಅಪ್ಪ, ಇಂಡೋನೇಷ್ಯಾ, ಹುಲಿಗೆವ್ವ ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿಬಿಟ್ಟ.

ಸಿದ್ದರಾಮನ ಕಣ್ಣು ಲುಂಗಿಯ ಮೇಲಿತ್ತು. ಹತ್ತಿರ ಬಂದು ಅಂಚು ಹಿಡಿದು ನೋಡಿದ. “ಹೊಲದೀರೇನು ಇದನ್ನ?”

“ಹೌದ್ರಿ. ಬಿಚ್ಚಿ ಬೀಳಂಗಿಲ್ಲ.”

“ಆಪರೇಷನ್ ಆದ ನಮ್ಮ ಪೇಷಂಟ್ ಎದ್ದು ನಿಂತ್ರ ಸಾಕು, ಲುಂಗಿ ನೆಲಕ್ಕ. ನರ್ಸಬಾಯಾರು ದಿನಾ ಗ್ವಾಡಿ ಕಡೆ ಮುಖ ಮಾಡಿ ನಿಂದರೂದಾಗೇತ್ರಿ. ಎಷ್ಟ ತಂದೀರಿ? ಎಲ್ಲಾ ಇಲ್ಲೇ ಬಿಡ್ರಿ.”

ಅಜರುದ್ದೀನನ ಕಣ್ಣ ಮುಂದೆ ಜಕಾರ್ತಾದ ಹುಡುಗರು ಒಮ್ಮೆ ಸುಳಿದರು. ಅವರ ಹಿಂದೆಯೇ ಕವರ್ ಮಾರುವವನೂ ಸುಳಿದ. ಅವನು ಗಂಟು ಬಿಚ್ಚಿದ.

ಸಂಜೆ ಗಂಟಿಲ್ಲದೆ ಬಂದ ಮಗ ಕೊಟ್ಟ ಇಪ್ಪತ್ತು ಲುಂಗಿಯ ದುಡ್ಡನ್ನು ಲಾಡಲೇಸಾಬರು ಎರಡು ಸಲ ಎಣಿಸಿದರು. ಕೂಡಲೇ ಕವರಿನವನಿಗೆ ಫೋನು ಹಚ್ಚಿ ಬೇರೆ ಜಾಗ ನೋಡಿಕೊಳ್ಳಲು ಹೇಳಿದರು. ಅಂಗಡಿ ಉಳಿದ ಖುಷಿಗೆ ಅಜರುದ್ದೀನನ ಕಣ್ಣು ತುಂಬಿತು. ಆದರೆ ತಾನು ತಂದ ಫ್ಯಾಶನ್ನು ಆಸ್ಪತ್ರೆಯ ಪಾಲಾಯಿತೆಂಬ ಕೊರಗು ಒಳಗೇ ಚುಚ್ಚುತ್ತಿತ್ತು.

ಆಗ ಎರಡು ಬೈಕು ಬಂದು ನಿಂತವು. ಬಿಳಿ ಬೂಟಿನ ನಾಲ್ವರು ಹುಡುಗರು ಇಳಿದರು. ತಿಕೋಟಾದ ಗೇಟಿನಲ್ಲಿ ನಿಂತಿದ್ದವರೇ.

“ಚಾಚಾ, ಹೊಲದ ಲುಂಗಿ ಕೊಡ್ರಿ” ಎಂದ ಮುಂದಿದ್ದ ಸತೀಶಕುಮಾರ. “ಇವರು ಹೇಳಿದ ಮ್ಯಾಲ ಮೊಬೈಲ್‌ದಾಗ ಹುಡುಕಿದ್ವಿ. ಇಂಡೋನೇಷ್ಯಾದಾಗ ಖರೇನ ಇದ ನಡದೈತಿ. ನಮ್ಮ ಕಾಲೇಜಿನಾಗ ಯಾರೂ ಉಡೂದ್ರೊಳಗ ನಾವ್ ಉಡಬೇಕು.”

ಅಜರುದ್ದೀನನ ಎದೆ ಹಿಗ್ಗಿತು. ಕಪಾಟಿನತ್ತ ತಿರುಗಿದವನಿಗೆ ಹೊಲಿದದ್ದು ಒಂದೂ ಇಲ್ಲವೆಂಬುದು ನೆನಪಾಯಿತು.

ಲಾಡಲೇಸಾಬರು ಜನ್ಮದಲ್ಲಿ ಗಿರಾಕಿಯನ್ನು ಬರಿಗೈಲಿ ಕಳಿಸಿದವರಲ್ಲ. ಮಗನ ಸೊಂಟ ನೋಡಿದರು. “ಒಂದೈತಿ. ಬಿಚ್ಚು ಬೇಟಾ.”

ಅಜರುದ್ದೀನ ಕಪಾಟಿನ ಹಿಂದೆ ಹೋಗಿ ಟಾವೆಲ್ಲು ಸುತ್ತಿಕೊಂಡು, ಲುಂಗಿ ನೀಟಾಗಿ ಮಡಚಿ ತಂದಿಟ್ಟ. ನಾಲ್ವರೂ ಎರಡು ಹೆಜ್ಜೆ ಹಿಂದೆ ಸರಿದರು.

“ಅದೊಂದು ಬ್ಯಾಡ್ರಿ ಚಾಚಾ” ಎಂದ ಸತೀಶಕುಮಾರ ದನಿ ತಗ್ಗಿಸಿ. “ಫ್ಯಾಶನ್ ಖರೆ ಐತಿ, ಆದ್ರ ಇವರ ಆಪರೇಷನ್ನೂ ಖರೇನ ಐತಲ್ರೀ. ಸೋಮವಾರ ಬರ್ತೀವಿ. ಹೊಸಾವು ಹತ್ತು ಇಡ್ರಿ.”

ಬೈಕುಗಳು ಹೋದ ಮೇಲೆ ಲಾಡಲೇಸಾಬರು ಮನೆಯ ಕಡೆ ಕೂಗಿ, ಮಷಿನ್ನಿಗೆ ಎಣ್ಣೆ ಬಿಡಲು ಚಾಂದಬಿಗೆ ಹೇಳಿದರು. ಎಷ್ಟೋ ವರ್ಷದ ಮೇಲೆ ಅವರ ದನಿಯಲ್ಲಿ ಅಂಗಡಿಕಾರನ ಹುರುಪಿತ್ತು. ಟಾವೆಲ್ಲಿನಲ್ಲಿ ನಿಂತ ಅಜರುದ್ದೀನನಿಗೂ ಜೀವ ಬಂತು.

“ಅಬ್ಬಾ, ಸೋಮವಾರ ನಾ ಹಸರ ಚೌಕಳೀದು ಉಟ್ಕೊಂಡು ಬಾಗಲಾಗ ನಿಂದರ್ತೀನಿ.”

“ಬ್ಯಾಡ ನನ್ನಪ್ಪಾ” ಎಂದರು ಲಾಡಲೇಸಾಬರು, ಅವನ ಬೆನ್ನು ಸವರಿ. “ಲುಂಗಿ ಮಾರೂದೈತಿ. ನೀ ಪ್ಯಾಂಟ್ ಹಾಕ್ಕೊಂಡು ಬಾ.”